ಗಣಿ ಕಾರ್ಮಿಕರ ಮುಖದ ಮೇಲಿನ ಬೆಳಕು

ಐರ್ಲೆಂಡಿನ ಕ್ಲಾಂಡಾಲ್ಕಿನ್‌ನಲ್ಲಿ ಹಳೆಯ ಸಿನಿಮಾ ರೀಲುಗಳನ್ನು ಡಿಜಿಟಲ್ ಮಾಡುವ ಕಂಪನಿಯಲ್ಲಿ ನನಗೆ ಕೆಲಸ. ಗೀರು ಅಳಿಸುವುದು, ಬೆಳಕು ಸರಿಮಾಡುವುದು. ಒಮ್ಮೆ ಸೋವಿಯತ್ ಕಾಲದ ಕಪ್ಪುಬಿಳುಪು ಚಿತ್ರವೊಂದು ಬಂತು. ಪಾಳಿ ಮುಗಿಸಿದ ಗಣಿ ಕಾರ್ಮಿಕರು ಮುಖ ತೊಳೆಯುವ ದೃಶ್ಯ ತೀರಾ ಕತ್ತಲಾಗಿತ್ತು. ಮೊಬೈಲಿನಲ್ಲಿ ನೋಡುವವರಿಗೆ ಕಾಣುವುದಿಲ್ಲ, ಬೆಳಕು ಏರಿಸು ಎಂದರು ಆಫೀಸಿನವರು. ಏರಿಸಿದೆ. ಹತ್ತು ನಿಮಿಷದ ಕೆಲಸ. ಮುಗಿಸಿ ಚಹಾ ಕುಡಿಯಲು ಹೋದೆ.

ಅದನ್ನು ತೆಗೆದ ಛಾಯಾಗ್ರಾಹಕರು ಇದೇ ದೇಶದ ಅತ್ಲೋನ್‌ನಲ್ಲಿ ಮಗಳ ಮನೆಯಲ್ಲಿದ್ದಾರೆಂದು ಯಾರಿಗೆ ಗೊತ್ತಿತ್ತು? ಚಿತ್ರ ಡಿಜಿಟಲ್ ಆಗುತ್ತಿದೆಯೆಂಬ ಸುದ್ದಿಯನ್ನು ಮಗಳು ಎಲ್ಲೋ ಓದಿ ಹೇಳಿದಳಂತೆ. ಎಂಬತ್ತು ದಾಟಿದ ಅವರು ಒಬ್ಬರೇ ರೈಲು ಹತ್ತಿ ಬಂದು, ನನ್ನ ಪಕ್ಕ ಕೂತು ಆ ದೃಶ್ಯ ನೋಡಿದರು.

"ಬೆಳಕು ಹಾಕಿದ್ದು ಯಾರು?"

"ನಾನೇ."

"ಆಗಿನ ಅಧಿಕಾರಿಗಳೂ ಇದನ್ನೇ ಕೇಳಿದ್ದರು!" ಎಂದು ಮೇಜು ಗುದ್ದಿದರು.

ಅವರ ಇಂಗ್ಲಿಷ್ ತಡವರಿಸುತ್ತಿತ್ತು, ಸಿಟ್ಟು ತಡವರಿಸಲಿಲ್ಲ. ಹದಿನೆಂಟಕ್ಕೆ ಸರ್ಕಾರಿ ಸ್ಟುಡಿಯೋದಲ್ಲಿ ಕ್ಯಾಮೆರಾ ಪೆಟ್ಟಿಗೆ ಹೊರಲು ಸೇರಿದವರು, ಮೂವತ್ತರೊಳಗೆ ಛಾಯಾಗ್ರಾಹಕರಾದರು. ಇದು ಅವರ ಮೂರನೆಯ ಚಿತ್ರ. ಆ ಕೋಣೆಗಿದ್ದದ್ದು ಒಂದೇ ಕಿಟಕಿ. ಅದರ ಬೆಳಕೇ ಸಾಕೆಂದು ಹಠ ಹಿಡಿದಿದ್ದರು. ಪರಿಶೀಲಿಸಲು ಬಂದ ಅಧಿಕಾರಿ, "ನಮ್ಮ ಕಾರ್ಮಿಕರು ಇಷ್ಟು ದಣಿಯುವುದಿಲ್ಲ. ದೀಪ ಹಾಕಿ ಮತ್ತೆ ತೆಗೆಯಿರಿ" ಎಂದನಂತೆ. ಇವರು ಒಪ್ಪಲಿಲ್ಲ. ಮತ್ತೆ ತೆಗೆಯಲು ಸಮಯವಿಲ್ಲದೆ ದೃಶ್ಯ ಉಳಿಯಿತು, ಇವರ ಹೆಸರು ಉಳಿಯಲಿಲ್ಲ. ಸಹಾಯಕನ ಹೆಸರು ಹಾಕಿದರು. ಆಮೇಲೆ ಸ್ಟುಡಿಯೋ ಮುಚ್ಚುವವರೆಗೂ ಕೊಟ್ಟದ್ದು ಹಾಲು ಕರೆಯುವ ಯಂತ್ರ ತೊಳೆಯುವುದು ಹೇಗೆ ಎಂಬಂಥ ಪಾಠಚಿತ್ರಗಳನ್ನೇ. ದೇಶ ಒಡೆದ ಮೇಲೆ ಐರ್ಲೆಂಡಿಗೆ ಬಂದು ಅಣಬೆ ತೋಟಗಳಲ್ಲಿ ಅಣಬೆ ಕೀಳುವ ಕೂಲಿ ಮಾಡಿದರು.

"ಅವರಿಗೆ ಹೆದರಿಕೆ ಇತ್ತು. ನಿನಗೇನಿತ್ತು?" ಎಂದು ಕೇಳಿದರು.

ಮೈಸೂರಿನವನಾದ ನನ್ನ ಟೀಮ್ ಲೀಡ್ ಬಳಿ ಹೋದೆ.

"ನಾಳಿದ್ದು ಡೆಲಿವರಿ ಐತೆ ಕಣೇ. ಗ್ರ್ಯಾಂಡ್ ಆಗೈತೆ, ಬಿಟ್ಬಿಡು."

"ತಪ್ಪು ಮಾಡಿದ್ದೀವಿ ಕಣೋ. ಅವರ ಹೆಸರೂ ಇಲ್ಲ."

"ಹೆಸರು ನಮ್ ಕೆಲಸ ಅಲ್ಲ. ನಿನ್ ವರ್ಕ್ ಪರ್ಮಿಟ್ ರಿನ್ಯೂವಲ್‌ಗೆ ಬಂದೈತೆ, ನೆನಪಿರ್ಲಿ."

"ಬಂದ್ರೆ ಬರ್ಲಿ! ಅವರು ತೆಗೆದಿದ್ದನ್ನೇ ಕಳಿಸ್ತೀನಿ" ಎಂದು ಕೂಗಿದೆ. ಆಫೀಸಿನವರೆಲ್ಲ ತಿರುಗಿ ನೋಡಿದರು.

ಮರುದಿನವೂ ಅವರು ಬಂದರು. "ಇಳಿಸು, ಇನ್ನೂ ಇಳಿಸು" ಎನ್ನುತ್ತಲೇ ಇದ್ದರು. ಒದ್ದೆ ಹಣೆ, ಮೂಗಿನ ಅಂಚು ಮಾತ್ರ ಕತ್ತಲಿನಿಂದ ಎದ್ದು ಬಂದಾಗ "ಸಾಕು" ಎಂದರು. ಚಿತ್ರದ ಹಕ್ಕುದಾರರು ಆ ಪ್ರತಿಯನ್ನೇ ಒಪ್ಪಿಕೊಂಡರು. ಹೆಸರು ತಿದ್ದಿ ಎಂದು ಅವರಿಗೆ ಮೂರು ಸಲ ಬರೆದೆ. ಮೂರು ಸಲವೂ, ದಾಖಲೆಯಲ್ಲಿರುವುದೇ ಇರುತ್ತದೆ ಎಂಬ ಉತ್ತರ.

ಅತ್ಲೋನ್‌ನ ಕಾಲೇಜು ಸಭಾಂಗಣದಲ್ಲಿ ಪ್ರದರ್ಶನ. ಪರದೆಯ ಮೇಲೆ ಸಹಾಯಕನ ಹೆಸರು ಮೂಡಿದ್ದೇ ಆ ವೃದ್ಧರು ಎದ್ದು ತಮ್ಮ ಭಾಷೆಯಲ್ಲಿ ಏನೋ ಕಿರುಚಿದರು. ಮಗಳು ತೋಳು ಹಿಡಿದೆಳೆದಳು. ನಾನೂ ಎದ್ದೆ. "ಅದು ಸುಳ್ಳು! ತೆಗೆದವರು ಇವರು!" ಎಂದೆ. ಜನ ಚಪ್ಪಾಳೆ ತಟ್ಟಿದರು. ಅದನ್ನು ಕೇಳಿ ನನ್ನ ಸಿಟ್ಟು ಇನ್ನೂ ಏರಿತು. ಚಪ್ಪಾಳೆ ಸುಲಭ, ಹೆಸರು ತಿದ್ದಲು ಮಾತ್ರ ಯಾರಿಗೂ ಆಗಲಿಲ್ಲ.

ಪರ್ಮಿಟ್ ನವೀಕರಣವಾಯಿತು. ಟೀಮ್ ಲೀಡ್ ನನ್ನೊಡನೆ ಕೆಲಸಕ್ಕೆ ಬೇಕಾದಷ್ಟೇ ಮಾತಾಡುತ್ತಾನೆ. ಹಕ್ಕುದಾರರಿಗೆ ಹೋದ ವಾರ ನಾಲ್ಕನೆಯ ಪತ್ರ ಕಳಿಸಿದ್ದೇನೆ. ಈ ಸಲ ನನ್ನ ಸಹಿಯ ಕೆಳಗೆ ಆ ಛಾಯಾಗ್ರಾಹಕರದೂ ಇದೆ.