ದುರ್ಗವ್ವ ಹೆಣೆದ ಜಡೆ

ಚಿಕ್ಕಬಾಣಾವರದ ಬಾಡಿಗೆ ಕೋಣೆಯಲ್ಲಿ ದುರ್ಗವ್ವ ದಿನಾ ಸ್ನಾನ ಮುಗಿಸಿ ವಿಭೂತಿ ಹಚ್ಚಿಕೊಳ್ಳುತ್ತಾರೆ. ಎಲ್ಲರಂತೆ ಮೂರು ಬೆರಳಿನಿಂದ ಒಮ್ಮೆಗೇ ಮೂರು ಗೆರೆ ಎಳೆಯಲು ಅವರಿಗಾಗದು. ಬಲಗೈಯಲ್ಲಿ ಉಳಿದಿರುವುದು ಹೆಬ್ಬೆರಳು, ಕಿರುಬೆರಳು ಮಾತ್ರ. ಹೆಬ್ಬೆರಳಿನಿಂದಲೇ ಒಂದಾದ ಮೇಲೊಂದು ಗೆರೆ ಎಳೆಯುತ್ತಾರೆ.

"ಎಡಗೈ ಚಲೋ ಐತಲ್ಲ, ಅದರಲೇ ಹಚ್ಕೊ" ಎನ್ನುತ್ತಾರೆ ಪಕ್ಕದ ಕೋಣೆಯ ಶರಣಮ್ಮ.

"ಶಿವಗ ಎಡಗೈ ತೋರ್ಸಾಕ ಅವನ ಮ್ಯಾಲ ನನಗೇನ್ ಸಿಟ್ಟೈತಿ?" ಎಂದು ದುರ್ಗವ್ವ ನಗುತ್ತಾರೆ. ಆ ನಗು ಕೇಳಿದ ಬೆಳಿಗ್ಗೆ ಎದುರು ಕೋಣೆಯ ನನ್ನ ಪೂಜೆಯೂ ಚೆನ್ನಾಗಿ ಆಗುತ್ತದೆ.

ಪೀಣ್ಯದಲ್ಲಿ ತಗಡು ಒತ್ತುವ ಪ್ರೆಸ್ ಯಂತ್ರಕ್ಕೆ ಎರಡು ಗುಂಡಿ ಇರುತ್ತವೆ. ಎರಡನ್ನೂ ಎರಡು ಕೈಯಿಂದ ಒಟ್ಟಿಗೆ ಒತ್ತಿದರೇ ಯಂತ್ರ ಇಳಿಯುವುದು. ಆಗ ಕೈಗಳು ಅದರ ಬಾಯಿಂದ ದೂರ ಇರುತ್ತವೆ. ಕೆಲಸ ಬೇಗ ಸಾಗಲೆಂದು ಒಂದು ಗುಂಡಿಗೆ ಮರದ ಚಕ್ಕೆ ಸಿಕ್ಕಿಸಿ, ಒತ್ತಿದಂತೆಯೇ ಇಡುವುದು ಕೆಲವು ಸಣ್ಣ ಶೆಡ್ಡುಗಳ ರೂಢಿ. ಅಂಥ ಯಂತ್ರವೇ ದುರ್ಗವ್ವನ ಬೆರಳು ತೆಗೆದುಕೊಂಡಿತು.

ಕಾರ್ಮಿಕರ ಸುರಕ್ಷತೆಗಾಗಿ ಓಡಾಡುವ ನರೇಶ್ ಶೆಡ್ಡುಗಳಲ್ಲಿ ರಕ್ತದ ಚಿತ್ರಗಳ ಪೋಸ್ಟರ್ ಅಂಟಿಸುತ್ತಿದ್ದರು. ಜನ ಅದಕ್ಕೆ ಬೆನ್ನು ಹಾಕಿ ಟೀ ಕುಡಿಯುತ್ತಿದ್ದರು. ಕೊನೆಗೆ ಅವರು ದುರ್ಗವ್ವನನ್ನು ಜೊತೆಗೆ ಕರೆದರು.

ಈ ಆಷಾಢದಲ್ಲಿ ಹೋದ ಶೆಡ್ಡಿನಲ್ಲಿ ಭಾಗ್ಯಶ್ರೀ ಎಂಬ ಹುಡುಗಿ ಚಕ್ಕೆ ಸಿಕ್ಕಿಸಿಕೊಂಡೇ ಕೆಲಸ ಮಾಡುತ್ತಿದ್ದಳು. ತಗಡು ಇಡುವ ಅವಳ ಬಲಗೈ ಪ್ರತಿ ಸಲವೂ ಕೂದಲೆಳೆಯಲ್ಲಿ ಪಾರಾಗಿ ಹೊರಬರುತ್ತಿತ್ತು.

"ಯಕ್ಕಾ, ನನ್ ಕೈ ಮಶೀನಿಗಿಂತ ಜೋರು ಅದಾವ" ಎಂದಳು.

"ಚಕ್ಕಿ ತಗದ್ರ ಮಾಲು ಕಡಿಮಿ ಆಗ್ತೈತಿ. ಆಮ್ಯಾಲ ನಿಮ್ ನರೇಶ್ ಸಾರ್ ಬಂದು ಪೀಸ್ ಹೊಡೀತಾರೇನು?" ಎಂದು ಮೇಸ್ತ್ರಿ ಮಲಕಪ್ಪ ಚುಚ್ಚಿದ.

ಟೀ ಹೊತ್ತಿಗೆ ದುರ್ಗವ್ವ ಭಾಗ್ಯಶ್ರೀಯನ್ನು ಮುಂದೆ ಕೂರಿಸಿಕೊಂಡರು. "ಜಡಿ ಬಿಚ್ಚವ್ವ, ನಾ ಹೆಣೀತೀನಿ."

ಹುಡುಗಿ ನಗುತ್ತಲೇ ಬಿಚ್ಚಿದಳು. ದುರ್ಗವ್ವ ಕೂದಲನ್ನು ಮೂರು ಪಾಲು ಮಾಡಿದರು. ಒಂದು ಪಾಲು ಬಲಗೈಯಿಂದ ಜಾರಿತು. ಮತ್ತೆ ಹಿಡಿದರು, ಮತ್ತೆ ಜಾರಿತು.

"ನನ್ನ ಮಗಳಿಗೂ ಹಿಂಗ ಉದ್ದ ಕೂದಲಾ ಇದ್ವು" ಎಂದರು. "ಸಾಲಿಗೆ ಹೊತ್ತಾಗ್ತೈತಿ ಅಂತ ದಿನಾ ಅಳತಿದ್ಳು. ಕಡಿಗೆ ಅಕೀನ ಕತ್ರಿ ತಂದು ಕೊಟ್ಳು, ಕತ್ತರಸವ್ವ ಅಂತ."

ಭಾಗ್ಯಶ್ರೀಯ ನಗು ನಿಂತಿತ್ತು. ಅರ್ಧ ಹೆಣೆದ ಜಡೆಯಲ್ಲೇ ಎದ್ದು ಹೋಗಿ ಚಕ್ಕೆ ಕಿತ್ತಳು. ಮಲಕಪ್ಪ ಬಾಯಿ ತೆರೆಯುವ ಮೊದಲೇ, ಬಾಗಿಲಲ್ಲಿ ನಿಂತು ನೋಡುತ್ತಿದ್ದ ಮಾಲೀಕ ಶ್ರೀಧರ್, "ಬಿಡ್ರೀ ಮಲಕಪ್ಪ. ಉಳಿದ ಮಿಷಿನ್‌ಗಳದ್ದೂ ತೆಗೆಸಿ" ಎಂದರು.

ಆಮೇಲೆ ದುರ್ಗವ್ವನ ಹತ್ತಿರ ಬಂದು ದನಿ ತಗ್ಗಿಸಿ ಹೇಳಿದರು: "ಅಮ್ಮಾ, ಈಗ ರಬ್ಬರ್ ಬೆರಳು ಮಾಡ್ತಾರೆ. ಥೇಟ್ ನಿಜವಾದ್ದೇ. ಖರ್ಚು ನಾನು ನೋಡ್ಕೋತೀನಿ. ನೋಡಿದೋರಿಗೆ ಗೊತ್ತೇ ಆಗಲ್ಲ."

ದುರ್ಗವ್ವ ಸೆರಗಿನಲ್ಲಿ ಕೈ ಒರೆಸಿಕೊಂಡರು.

"ನಿಮ್ಮ ಮನಸ್ಸು ದೊಡ್ಡದ್ರಿ ಸಾರ್. ಆದ್ರ ಬ್ಯಾಡ್ರಿ. ನಾಳಿ ಹಿಂದಿನ ಓಣಿ ಶೆಡ್ಡಿಗೆ ಹೋಗೂದೈತಿ. ಅಲ್ಲಿ ಹುಡುಗ್ಯಾರಿಗೆ ಗೊತ್ತಾಗಬೇಕಲ್ರಿ."