ಚೆನ್ನಾಗಿದೆ ಅನ್ನಬಾರದು

ನನ್ನ ಊಟದ ಡಬ್ಬಿಗೆ ಮೂರು ಅಂತಸ್ತು. ಕೆಳಗೆ ಅನ್ನ, ನಡುವೆ ಹುಳಿಯೋ ಸಾರೋ, ಮೇಲೆ ಪಲ್ಯ. ಈ ಕ್ರಮದಲ್ಲಿ ಅದು ಇಪ್ಪತ್ತೆಂಟು ವರ್ಷ ದಿಲ್ಲಿಯ ಕಿದ್ವಾಯಿ ನಗರದ ಸರಕಾರಿ ಕ್ವಾರ್ಟರ್ಸಿನಿಂದ ತುಂಬಿಕೊಂಡು ನನ್ನ ಕಚೇರಿಗೆ ಹೋಗಿ, ಸಂಜೆ ಬರಿದಾಗಿ ಮರಳಿ ಬಂದಿದೆ. ಬಾಗಿಲಲ್ಲಿ ನಾನು ಷೂ ಬಿಚ್ಚುತ್ತಿರುವಾಗ ಡಬ್ಬಿಯನ್ನು ಈಸಿಕೊಳ್ಳುತ್ತ ನನ್ನ ಹೆಂಡತಿ ಕುಸುಮ "ಹೇಗಿತ್ರೀ?" ಎಂದು ಕೇಳುವಳು, "ಚೆನ್ನಾಗಿತ್ತು" ಎಂದು ನಾನು ಷೂ ದಾರಕ್ಕೆ ಉತ್ತರ ಹೇಳುವೆನು. ಆ ಊಟದ ಅರ್ಧವನ್ನು ತಿಂದವರು ಪಕ್ಕದ ಮೇಜಿನ ಬಂಗಾಳಿ ಮತ್ತು ಎದುರು ಮೇಜಿನ ಪಂಜಾಬಿ ಎಂಬುದನ್ನಾಗಲಿ, "ಭಾಭೀಜೀ ನೇ ಆಜ್ ಕ್ಯಾ ಭೇಜಾ ಹೈ?" ಎಂದು ಮುಚ್ಚಳ ತೆಗೆದು, ಮೂಗಿಗೆ ಬಡಿಯುತ್ತಿರುವುದು ಮೆಂತ್ಯವೋ ಇಂಗೋ ಎಂದು ಕಡತಗಳ ಮೇಲೆ ಎಂದೂ ತೋರದ ಶ್ರದ್ಧೆಯಿಂದ ಅವರು ಜಗಳವಾಡುತ್ತಿದ್ದರೆಂಬುದನ್ನಾಗಲಿ, ಆ ಹೊತ್ತಿನಲ್ಲಿ ನಾನು ಪತ್ರಿಕೆ ಓದುತ್ತ ತುತ್ತು ನುಂಗುತ್ತಿದ್ದೆನೆಂಬುದನ್ನಾಗಲಿ ನಾನು ಅವಳಿಗೆ ಹೇಳಿದವನಲ್ಲ. ಹೇಳಬೇಕೆಂದು ತೋಚಿರಲೇ ಇಲ್ಲ.

ನಗಬೇಡಿ, ನೀವೂ ಈ ಮಾತಿನ ಬಳಕೆದಾರರೇ. ಸೀರೆ ತೋರಿಸಿದರೆ ಚೆನ್ನಾಗಿದೆ, ಮದುವೆಯಿಂದ ಬಂದರೆ ಚೆನ್ನಾಗಿತ್ತು, ಮಕ್ಕಳು ಬರೆದ ಚಿತ್ರದಲ್ಲಿ ಆನೆಗೆ ಐದು ಕಾಲಿದ್ದರೂ ಚೆನ್ನಾಗಿದೆ. ಕಚೇರಿಯಲ್ಲಿ ಓದದೆ ಹಾಕುವ ಸಹಿಯೊಂದಿರುತ್ತದಲ್ಲ, ಅದರ ಮನೆಯೊಳಗಿನ ರೂಪ ಇದು. ಕಡತ ಮುಂದೆ ಹೋಗುತ್ತದೆ, ಯಾರಿಗೂ ತೊಂದರೆಯಿಲ್ಲ. ಇಂಥ ನಿರಪಾಯಕಾರಿ ಮಾತಿನಿಂದ ಒಬ್ಬಳ ಬಾಳಿಗೆ ಏಟು ಬೀಳಬಹುದೆಂದು ಯಾರಾದರೂ ಆಗ ಹೇಳಿದ್ದರೆ, ಹೋಗಯ್ಯ ಎನ್ನುತ್ತಿದ್ದೆ.

ಮೂರು ವರ್ಷದ ಹಿಂದೆ ಕುಸುಮಳಿಗೆ ಒಂದು ಜ್ವರ ಬಂತು. ವಾರದಲ್ಲಿ ಜ್ವರ ಬಿಟ್ಟಿತು. ಬಿಡುವಾಗ ಅವಳ ಮೂಗನ್ನೂ ನಾಲಿಗೆಯನ್ನೂ ಜೊತೆಗೆ ಒಯ್ದಿತು. ನಮಗೆ ಅದು ತಿಳಿದದ್ದು ಒಂದು ಬೆಳಿಗ್ಗೆ, ಬಾಣಲೆಯಲ್ಲಿ ಒಗ್ಗರಣೆ ಸೀದು ಕರಕಲಾಗಿ ಪಕ್ಕದ ಮನೆಯವರು ಬಾಗಿಲು ತಟ್ಟಿದಾಗ. ಒಲೆಯ ಹತ್ತಿರವೇ ಅದಕ್ಕೆ ಬೆನ್ನು ಹಾಕಿ ಕೊತ್ತಂಬರಿ ಸೋಸುತ್ತಿದ್ದ ಇವಳು "ಯಾಕೆ, ಏನಾಯ್ತು?" ಎಂದು ಅವರನ್ನೇ ಕೇಳಿದಳು. ಬಿಸಿ, ತಣ್ಣಗೆ, ಮೆತ್ತಗೆ, ಗಟ್ಟಿ: ಅವಳ ಬಾಯಿಗೆ ಉಳಿದದ್ದು ಇಷ್ಟೇ. ಕಿವಿ ಮೂಗು ಗಂಟಲಿನ ವೈದ್ಯರು ದೀಪ ಹಾಕಿ ನೋಡಿ, "ಆ ಭೀ ಸಕ್ತಾ ಹೈ, ನಹೀಂ ಭೀ", ರುಚಿ ಮರಳಿ ಬಂದರೂ ಬಂತು, ಇಲ್ಲದಿದ್ದರೆ ಇಲ್ಲ ಎಂದು ಕೈ ತೊಳೆದುಕೊಂಡರು.

ಅಲ್ಲಿಂದ ಮುಂದೆ ಅವಳು ಅಡುಗೆಮನೆಯಿಂದ ಸೌಟು ಹಿಡಿದುಕೊಂಡೇ ಬರತೊಡಗಿದಳು. "ರೀ, ಸ್ವಲ್ಪ ಉಪ್ಪು ನೋಡಿ." ಅಂಗೈಗೆ ಬಿಟ್ಟುಕೊಂಡು ನೆಕ್ಕಿ ನಾನು ಹೇಳುವುದು ಏನೆಂದು ನಿಮಗೆ ಗೊತ್ತೇ ಇದೆ. ಅಯ್ಯೋ ಪಾಪ, ಇದ್ದದ್ದೇ ಹೋಗಿದೆ, ಇನ್ನು ಉಪ್ಪು ಹುಳಿಯ ತಕರಾರು ಬೇರೆ ಯಾಕೆ ಎಂಬುದು ನನ್ನ ಎಣಿಕೆ. ಒಂದು ದಿನವಂತೂ ಉಪ್ಪಿಟ್ಟಿಗೆ ಉಪ್ಪೇ ಬಿದ್ದಿರಲಿಲ್ಲ. ಉಪ್ಪು ಹೋದರೆ ಉಳಿಯುವುದು ಬರೀ ಹಿಟ್ಟು. ಆ ಹಿಟ್ಟನ್ನು ನಾನು ಮುಖ ಕಿವುಚದೆ ತಿಂದು, ಸಾಲದೆಂದು ಇನ್ನೊಂದು ಸಲ ಹಾಕಿಸಿಕೊಂಡು, "ಇವತ್ತು ಬಹಳ ಚೆನ್ನಾಗಿದೆ" ಎಂದು ತಟ್ಟೆ ತೊಳೆದಿಟ್ಟು ಕಚೇರಿಗೆ ಹೋದೆ. ದಾರಿಯುದ್ದಕ್ಕೂ ನನ್ನ ಬಗ್ಗೆ ನನಗೇ ಅಭಿಮಾನ. ಅದಾದ ಮೇಲೆ ಅವಳು ಉಪ್ಪು ನೋಡಿ ಎಂದು ಬರುವುದನ್ನು ಬಿಟ್ಟಳು, ಕೈಗೆ ಅಂದಾಜು ಸಿಕ್ಕಿರಬೇಕೆಂದುಕೊಂಡೆ. ತಿಂಗಳೊಪ್ಪತ್ತಿನಲ್ಲಿ ಅಡುಗೆಯನ್ನೇ ಬಿಟ್ಟಳು. ಪಕ್ಕದ ಕೋಟ್ಲಾ ಬಡಾವಣೆಯಿಂದ ಸುನೀತಾ ಎಂಬ ಹೆಂಗಸು ಬಂದು ರೊಟ್ಟಿ ಸಬ್ಜಿ ಮಾಡಿಟ್ಟು ಹೋಗತೊಡಗಿದಳು, ಡಬ್ಬಿಯ ಮೇಲಿನ ಎರಡು ಅಂತಸ್ತು ಅಟ್ಟ ಸೇರಿದವು.

ಕುಸುಮಳಿಗೆ ಮೊದಲಿನಿಂದಲೂ ಒಂದು ಹುಚ್ಚು. ಮಧ್ಯಾಹ್ನ ಕೆಲಸ ಮುಗಿಸಿ ಮೊಬೈಲಿನಲ್ಲಿ ಲೋಕದ ಬೀದಿ ತಿಂಡಿಗಳನ್ನೆಲ್ಲ ನೋಡುವಳು. ಇಟಲಿಯ ಪಲೆರ್ಮೊ ಎಂಬ ಹಳೆಯ ಊರಿನಲ್ಲಿ ಕಡಲೆಹಿಟ್ಟಿನ ಬಿಲ್ಲೆಗಳನ್ನು ಎಣ್ಣೆಯಲ್ಲಿ ಕರಿಯುವುದನ್ನು ಕಂಡ ದಿನ "ರೀ, ಬನ್ನಿ ಇಲ್ಲಿ, ಅಲ್ಲೂ ಬಜ್ಜಿ ಮಾಡ್ತಾರೆ!" ಎಂದು ಸ್ವಂತ ಅಕ್ಕತಂಗಿಯರು ಸಿಕ್ಕಿದಂತೆ ಕೂಗಿದ್ದಳು. ಇದು ಜ್ವರಕ್ಕೆ ಮುಂಚಿನ ಮಾತು. ಜ್ವರದ ಮೇಲೆ ಆ ಊರನ್ನು ನೆನೆಸಿಕೊಂಡವನು ನಾನು. ಕಂಡರಿಯದ ಹುಳಿ, ಕಂಡರಿಯದ ಖಾರ ಬಿದ್ದರೆ ಮಲಗಿದ ನಾಲಿಗೆ ಬೆಚ್ಚಿ ಏಳಬಹುದೆಂದು ಯಾರೋ ಹೇಳಿದ್ದರು. ಏಳಲಿ, ಅವಳು ಮತ್ತೆ ಒಲೆಯ ಮುಂದೆ ನಿಲ್ಲಲಿ ಎಂಬುದೊಂದೇ ಆಸೆಯಿಂದ, ಬೇಡ ಬೇಡವೆಂದರೂ ಕೇಳದೆ ಕಳೆದ ಅಕ್ಟೋಬರಿನಲ್ಲಿ ಅವಳನ್ನು ಹೊರಡಿಸಿದೆ. ಅಲ್ಲಿ ಬೀದಿ ಬೀದಿ ಸುತ್ತಿಸಿ ತಿನ್ನಿಸುವ ನಡಿಗೆಗೆ ನಮ್ಮಿಬ್ಬರ ಹೆಸರನ್ನೂ ಕೊಟ್ಟೆ.

ಬೆಳಿಗ್ಗೆ ಹತ್ತಕ್ಕೆ ಒಂದು ಚರ್ಚಿನ ಮುಂದೆ ಆರು ಜನ ಸೇರಿದೆವು. ಮಾರ್ಗದರ್ಶಿ ಅಗಾತಾ, ನಮ್ಮಕ್ಕನ ಮಗಳ ವಯಸ್ಸಿನವಳು, ಎರಡು ಕೈಯಲ್ಲೂ ಮಾತಾಡುವವಳು. ಅರಬರು ಆಳಿದರು, ನಾರ್ಮನ್ನರು ಆಳಿದರು, ಸ್ಪೇನಿನವರು ಆಳಿದರು, ಹೋಗುವಾಗ ಎಲ್ಲರೂ ಒಂದೊಂದು ತಿಂಡಿ ಬಿಟ್ಟುಹೋದರು ಎಂದು ಅವಳು ಇಂಗ್ಲಿಷಿನಲ್ಲಿ ಆರಂಭಿಸಿದಳು; ದಿಲ್ಲಿಯಿಂದ ಹೋದವರಿಗೆ ಆಳಿಹೋದವರ ಪಟ್ಟಿಯಿಂದ ಅಚ್ಚರಿಯೇನೂ ಆಗುವುದಿಲ್ಲ. ಅಚ್ಚರಿಯಾದದ್ದು ಅವಳ ಕಟ್ಟಳೆಯಿಂದ. ಈ ನಡಿಗೆಯಲ್ಲಿ ತಿಂದದ್ದನ್ನು ಯಾರೂ 'ಚೆನ್ನಾಗಿದೆ' ಅನ್ನಬಾರದು, ಬೇರೆ ಏನು ಬೇಕಾದರೂ ಹೇಳಬಹುದು ಎಂದಳು. ಎಲ್ಲರೂ ನಕ್ಕರು. ಕುಸುಮ ನಗಲಿಲ್ಲ, ನನ್ನ ಮುಖ ನೋಡಿದಳು.

ಬಲ್ಲಾರೊ ಎಂಬ ಮಾರುಕಟ್ಟೆಯೊಳಕ್ಕೆ ಇಳಿದೆವು. ಕೆಂಪು ಕೊಡೆಗಳ ಕೆಳಗೆ ಗುಡ್ಡೆ ಹಾಕಿದ ಬದನೆ, ನಿಂಬೆ, ಮೀನು. ರಾಗವೆಳೆದು ಕೂಗುವ ವ್ಯಾಪಾರಿಗಳು. ಒಂದು ಕಡೆ ದನದ ಒಳಾಂಗಗಳನ್ನು ಕೊಬ್ಬಿನಲ್ಲಿ ಬೇಯಿಸುತ್ತಿದ್ದ ಹಂಡೆ. ಮನೆಯ ಹತ್ತಿರದ ಐಎನ್‌ಎ ಮಾರುಕಟ್ಟೆಯಲ್ಲಿ ಮೀನಿನ ಸಾಲು ಬಂದರೆ ಉಸಿರು ಕಟ್ಟಿ ಓಡುತ್ತಿದ್ದ ನನ್ನ ಹೆಂಡತಿ ಆ ಹಂಡೆಯ ಪಕ್ಕದಲ್ಲೇ, ಬಸ್ಸಿಗೆ ಕಾಯುವವಳ ಹಾಗೆ, ಸುಮ್ಮನೆ ನಿಂತಿದ್ದಳು. ನಾನು ಕರವಸ್ತ್ರದಿಂದ ಮೂಗು ಮುಚ್ಚಿಕೊಂಡದ್ದನ್ನು ಕಂಡ ಮೇಲೆ ತಾನೂ ಸೆರಗನ್ನು ಮೂಗಿಗೆ ಒತ್ತಿಕೊಂಡಳು. ಅದನ್ನು ನೋಡಿ ನಾನು ಕರವಸ್ತ್ರವನ್ನು ಜೇಬಿಗೆ ಸೇರಿಸಿದೆ.

ಮೊದಲ ನಿಲುಗಡೆಯೇ ಅವಳ ಬಜ್ಜಿ. ಪನೆಲ್ಲೆ ಎಂದು ಅದರ ಹೆಸರು. ತೆಳ್ಳನೆಯ ಬಿಲ್ಲೆಗಳನ್ನು ಎಳ್ಳು ಮೆತ್ತಿದ ಬ್ರೆಡ್ಡಿನೊಳಗಿಟ್ಟು ನಿಂಬೆ ಹಿಂಡಿ ಕೊಟ್ಟರು. ಜೊತೆಯವರು ಒಬ್ಬರಾದ ಮೇಲೊಬ್ಬರು ಗರಿಗರಿ ಎಂದರು, ಮಣ್ಣಿನ ಘಮ ಎಂದರು. ಕುಸುಮ ಒಂದು ತುಂಡು ಕಡಿದು, ಕಣ್ಣು ಮುಚ್ಚಿ ಬಹಳ ಹೊತ್ತು ಅಗಿದಳು. ನಾನು ತಿನ್ನದೆ ಅವಳ ಹುಬ್ಬುಗಳನ್ನೇ ನೋಡುತ್ತಿದ್ದೆ. ಹುಬ್ಬು ಅಲುಗಲಿಲ್ಲ. ಕಣ್ಣು ತೆರೆದು "ಬಿಸಿಯಾಗಿದೆ" ಎಂದಳು. "ನೀವು ಹೇಳಿ ರೀ, ನಮ್ಮ ಬಜ್ಜಿ ಹಾಗಿದೆಯಾ?" ನಾನು ಆತುರದಲ್ಲಿ ಒಂದು ತುತ್ತು ನುಂಗಿ ತಲೆಯಾಡಿಸಿದೆ.

ಎರಡನೆಯದು ಕಪೊನಾತಾ. ಕರಿದ ಬದನೆಕಾಯಿಯನ್ನು ಟೊಮೇಟೊ, ಆಲಿವ್, ವಿನೆಗರ್, ಸಕ್ಕರೆ ಹಾಕಿ ಕೂಡಿಸಿದ್ದು. ನೋಡಲಿಕ್ಕೆ ಸಾಕ್ಷಾತ್ ಗೊಜ್ಜು. ಅಗಾತಾ ನನ್ನ ಕಡೆಯೇ ಕೈ ತೋರಿಸಿದಳು. ನಾನು ತಿಂದೆ. ಅರ್ಜಿಗೆ ಟಿಪ್ಪಣಿ ಬರೆಯೆಂದರೆ ನಾಲ್ಕು ಪುಟ ಬರೆಯುವವನಿಗೆ ಒಂದು ಪದವೂ ಬಾಯಿಗೆ ಬರಲೊಲ್ಲದು. ಆಗ ನನಗೊಂದು ಉಪಾಯ ಹೊಳೆಯಿತು. ಕಟ್ಟಳೆಯಿರುವುದು ಇಂಗ್ಲಿಷಿಗೆ, ಕನ್ನಡ ಈ ಹುಡುಗಿಗೆಲ್ಲಿ ತಿಳಿಯಬೇಕು? ಕತ್ತು ಕೊಂಕಿಸಿ, ಮಂತ್ರ ಹೇಳುವವನಂತೆ ಗಂಭೀರವಾಗಿ "ಚೆನ್ನಾಗಿದೆ" ಎಂದೆ. ಎಲ್ಲರೂ ಆ ನಾದಕ್ಕೆ ತಲೆದೂಗಿದರು. ಹಾಗೆಂದರೇನು ಎಂದು ಅಗಾತಾ ಕುಸುಮಳನ್ನು ಕೇಳಿದಳು.

ಕುಸುಮಳ ಇಂಗ್ಲಿಷು ತರಕಾರಿಯಂಗಡಿಯ ಮಟ್ಟದ್ದು. ಆದರೆ ಆ ದಿನ ಸ್ಪಷ್ಟವಾಗಿ, ಒಂದೊಂದೇ ಪದವನ್ನು ಜೋಡಿಸಿ ಹೇಳಿದಳು. "ಏನೂ ಇಲ್ಲ. ಆ ಮಾತಿಗೆ ಅರ್ಥ ಇಲ್ಲ."

ಹೇಳಿದವಳೇ ಕಾಗದದ ತಟ್ಟೆಯನ್ನು ನನ್ನ ಕೈಗಿತ್ತು ಹೋಗಿ ಒಂದು ಚರ್ಚಿನ ಮೆಟ್ಟಿಲ ಮೇಲೆ ಕುಳಿತಳು. ಹಿಂದೆಯೇ ಹೋದೆ. ಕಾಲು ನೋವೇ, ತಲೆ ಸುತ್ತೇ ಎಂದು ಏನೇನೋ ಕೇಳಿದೆ.

"ಆ ಉಪ್ಪಿಟ್ಟು ನೆನಪಿದೆಯಾ ನಿಮಗೆ?" ಎಂದಳು.

"ಯಾವ ಉಪ್ಪಿಟ್ಟು?" ಎಂದೆ, ಯಾವುದೆಂದು ಗೊತ್ತಿದ್ದೂ.

"ಉಪ್ಪು ಮರೆತಿರಲಿಲ್ಲ ರೀ ನಾನು. ಬೇಕಂತಲೇ ಹಾಕಿರಲಿಲ್ಲ. ಇವರು ನಿಜ ಹೇಳ್ತಾರಾ, ನೋಡೋಣ ಅಂತ. ನೀವು ಎರಡನೇ ಸಲ ಬೇರೆ ಹಾಕಿಸ್ಕೊಂಡ್ರಿ." ಅವಳು ಅಳುತ್ತಿರಲಿಲ್ಲ, ಬೀದಿಯನ್ನು ನೋಡುತ್ತ ಹೇಳುತ್ತಿದ್ದಳು. "ನನ್ನ ನಾಲಿಗೆ ಹೋದಾಗ ನಾನು ಅಷ್ಟು ಹೆದರಲಿಲ್ಲ. ಮನೇಲಿ ಇನ್ನೊಂದಿದೆಯಲ್ಲ, ಇವರದರಲ್ಲಿ ನೋಡಿ ಮಾಡಿದರಾಯ್ತು ಅಂದ್ಕೊಂಡಿದ್ದೆ. ಅವತ್ತು ಅದೂ ಹೋಯ್ತು."

ನಾನು ಕರುಣೆಯೆಂದು ತಿಳಿದು ಕೊಟ್ಟದ್ದು ಅವಳ ಕೈಯಲ್ಲಿದ್ದ ಸೌಟನ್ನೇ ಕಿತ್ತುಕೊಂಡಿತ್ತು. ಕುರುಡರನ್ನು ರಸ್ತೆ ದಾಟಿಸುವವನು ಅವರ ಮನಸ್ಸಿಗೆ ನೋವಾಗದಿರಲೆಂದು ಗಾಡಿಯೇ ಬರುತ್ತಿಲ್ಲ ಎಂದರೆ ಹೇಗೆ? ಅವಳು ಕೇಳಿದ್ದು ಹೊಗಳಿಕೆಯನ್ನಲ್ಲ, ಸುದ್ದಿಯನ್ನು. ಉಪ್ಪು ಹೆಚ್ಚೋ ಕಡಿಮೆಯೋ ಎಂಬ ಮೂರು ಕಾಸಿನ ಸುದ್ದಿಯನ್ನು ಕೊಡಲಾರದೆ ಹೋದವನು ವಿಮಾನ ಹತ್ತಿಸಿ ರುಚಿ ಹುಡುಕಿಕೊಡಲು ಬಂದಿದ್ದೆ. ನನಗೆ ನಾಚಿಕೆಯಾಯಿತು. "ತಪ್ಪಾಯ್ತು ಕುಸುಮ" ಎಂದೆ, ಮೂವತ್ತು ವರ್ಷದಲ್ಲಿ ಮೊದಲ ಸಲ.

ಕೈಯಲ್ಲಿನ್ನೂ ಆ ಕಾಗದದ ತಟ್ಟೆಯಿತ್ತು. ಅವಳ ಪಕ್ಕದಲ್ಲಿ ಕುಳಿತು ಮತ್ತೊಂದು ಚಮಚ ಬಾಯಿಗಿಟ್ಟು, ಪರೀಕ್ಷೆಗೆ ಕುಳಿತವನಂತೆ ಬೆವರುತ್ತ ಹೇಳತೊಡಗಿದೆ. ಮೊದಲು ಹುಳಿ ತಾಗುತ್ತದೆ, ಹುಣಿಸೆಯ ಹುಳಿಯಲ್ಲ, ಅದಕ್ಕಿಂತ ಚೂಪು. ಆಮೇಲೆ ಸಿಹಿ. ಬದನೆ ಬೆಣ್ಣೆಯಾಗಿದೆ, ಎಣ್ಣೆ ಜಾಸ್ತಿ. ಕೊನೆಯಲ್ಲಿ ಆಲಿವಿನದಿರಬೇಕು, ಒಂದು ಒಗರು. "ಒಗರಾ?" ಎಂದು ಅವಳು ನನ್ನ ಕಡೆ ತಿರುಗಿದಳು. "ಹೇಗೆ, ಬಾಳೆಕಾಯಿ ಒಗರಾ, ನೆಲ್ಲಿಕಾಯಿ ಒಗರಾ?" ನಾನು ಇನ್ನೊಂದು ಚಮಚ ತಿಂದು ನೆಲ್ಲಿಕಾಯಿ ಎಂದೆ. ಉಳಿದ ನಾಲ್ಕು ನಿಲುಗಡೆಗಳಲ್ಲೂ ಹೀಗೇ ನಡೆಯಿತು. ಅವಳು ಅಗಿಯುವಳು, ನಾನು ಹೇಳುವೆನು. ಅವಳ ನಾಲಿಗೆ ಏಳಲಿಲ್ಲ. ಏಳುವುದೂ ಇಲ್ಲವೆಂದು ಇಬ್ಬರಿಗೂ ಆ ದಿನ ಗೊತ್ತಾಯಿತು, ಮತ್ತೆ ಆ ಮಾತನ್ನು ಯಾರೂ ಎತ್ತಲಿಲ್ಲ.

ದಿಲ್ಲಿಗೆ ಮರಳಿದ ಎರಡನೆಯ ಭಾನುವಾರ ಕುಸುಮ ಸುನೀತಾಳಿಗೆ ಫೋನು ಮಾಡಿ "ಆಜ್ ಮತ್ ಆನಾ" ಎಂದು ಅವಳ ಆ ದಿನದ ಬರವನ್ನು ಬೇಡವೆಂದಳು. ಕೆಳಗೆ ತರಕಾರಿ ಗಾಡಿಯವನು ಕೂಗಿದಾಗ "ಭಯ್ಯಾ, ಕರೇಲಾ ಹೈ?" ಎಂದು ಬಾಲ್ಕನಿಯಿಂದಲೇ ವಿಚಾರಿಸಿ ಇಳಿದುಹೋದಳು. ಹಾಗಲಕಾಯಿ ಹೆಚ್ಚಿ, ಉಪ್ಪಿನಲ್ಲಿ ಹಿಸುಕಿ, ಹುಣಿಸೆ ನೆನೆಹಾಕಿ, ಎಳ್ಳು ಹುರಿಯುವ ಸದ್ದು ಮೂರು ವರ್ಷದ ಮೇಲೆ ನಮ್ಮ ಅಡುಗೆಮನೆಯಿಂದ ಕೇಳಿಬಂತು. ನಾನು ಪತ್ರಿಕೆ ಮಡಿಸಿಟ್ಟು, ಕರೆಯುವ ಮೊದಲೇ ಹೋಗಿ ನಿಂತೆ. ಅವಳು ಅಂಗೈಗೆ ಗೊಜ್ಜು ಬಿಟ್ಟಳು.

"ಹುಣಿಸೆ ಹಸಿಹಸಿ ಇದೆ. ಉಪ್ಪು ಒಂದು ಚಿಟಿಕೆ ಮುಂದು. ಬೆಲ್ಲ ಸಾಲದು, ಕಹಿ ಗಂಟಲಲ್ಲೇ ನಿಲ್ಲುತ್ತೆ" ಎಂದೆ. ಅವಳ ಮುಖ ಬಾಡಲಿಲ್ಲ, ಬದಲಿಗೆ ಅರಳಿತು. ಬೆಲ್ಲ ಕುಟ್ಟಿ ಹಾಕಿ ಮತ್ತೆ ಕುದಿಸಿ ಇನ್ನೊಂದು ಸಲ ಬಿಟ್ಟಳು. "ಈಗ?"

"ಈಗ ವಾಸಿ. ಆದರೆ ಮೊದಲು ನೀನು ಮಾಡ್ತಿದ್ದ ಹಾಗಿಲ್ಲ" ಎಂದೆ. ನಿಜ ಹೇಳುವುದನ್ನು ಕಲಿತೆನಲ್ಲ ಎಂಬ ಹಿಗ್ಗು ನನಗೆ.

"ಮೊದಲು ಹೇಗಿರ್ತಿತ್ತು?" ಎಂದಳು. "ನಂಗೆ ನೆನಪೇ ಬರ್ತಿಲ್ಲ ರೀ, ಎಷ್ಟು ಯೋಚಿಸಿದರೂ ಬಾಯಿಗೆ ಸಿಕ್ತಿಲ್ಲ. ನೀವು ಅಷ್ಟು ವರ್ಷ ತಿಂದಿದ್ದೀರಲ್ಲ, ಹೇಳಿ, ಹಾಗೇ ಮಾಡ್ತೀನಿ."

ಬಾಯಿ ತೆರೆದೆ. ಎಷ್ಟು ಬೇಸಿಗೆಗಳ ಗೊಜ್ಜು, ಎಷ್ಟು ಸಾವಿರ ತುತ್ತು. ಕಹಿ ಮುಂದಿತ್ತೋ, ಸಿಹಿ ಮುಂದಿತ್ತೋ, ಎಳ್ಳು ಕೊನೆಗೆ ಬರುತ್ತಿತ್ತೋ ಮೊದಲೇ ಬರುತ್ತಿತ್ತೋ ಎಂದು ತಡಕಾಡಿದೆ. ನನ್ನ ಬಳಿ ಇದ್ದದ್ದು ಒಂದೇ ಒಂದು ಮಾತು, ಅದನ್ನು ಆಡುವ ಧೈರ್ಯ ಬರಲಿಲ್ಲ. ಕುಸುಮ ಒಲೆಯ ಉರಿ ಸಣ್ಣದು ಮಾಡಿ, ನನ್ನ ಬಾಯನ್ನೇ ನೋಡುತ್ತ ಕಾಯುತ್ತಿದ್ದಳು.