ತಮ್ಮ ಕಟ್ಟಿದ ತಾಳ

ಮೆಲ್ಬರ್ನ್ ಪಕ್ಕದ ವೆರಿಬೀಯಲ್ಲಿರುವ ನಮ್ಮ ಮನೆಯ ಹಿಂಬದಿ ಕೋಣೆಯಲ್ಲಿ ಇಸ್ರೇಲಿನ ಹುಡುಗಿಯೊಬ್ಬಳು ಬಾಡಿಗೆಗಿದ್ದಳು. ಹಾಡುತ್ತಿದ್ದಳು, ಅದಕ್ಕಿಂತ ಹೆಚ್ಚಾಗಿ ರ‍್ಯಾಪ್ ಮಾಡುತ್ತಿದ್ದಳು. ನಾನು ವಾರವಿಡೀ ಐಟಿ ಕೆಲಸ ಮಾಡಿ, ಶನಿವಾರ ಭಾನುವಾರ ಸಣ್ಣಪುಟ್ಟ ಕಾರ್ಯಕ್ರಮಗಳಿಗೆ ಸೌಂಡ್ ನೋಡಿಕೊಳ್ಳುತ್ತಿದ್ದೆ. ಮೆಲ್ಬರ್ನಿನ ಒಂದು ಬಾರಿನಲ್ಲಿ ಅವಳ ಮೈಕ್ ಸರಿಮಾಡಿಕೊಟ್ಟಾಗ ಪರಿಚಯವಾಯಿತು. ಇರಲು ಜಾಗ ಹುಡುಕುತ್ತಿದ್ದೇನೆ ಅಂದಳು. ಹೆಂಡತಿಯನ್ನು ಕೇಳಿ ಕರೆದುಕೊಂಡು ಬಂದೆ.

ಹದಿನೇಳನೆಯ ವಯಸ್ಸಿಗೇ ಅವಳ ಒಂದು ಹಾಡು ಇಸ್ರೇಲಿನಲ್ಲಿ ಎಲ್ಲರ ಫೋನಿನಲ್ಲೂ ಇತ್ತಂತೆ. ಬೆಳಗ್ಗೆ ಬಾತ್‌ರೂಮಿಗಾಗಿ ತಮ್ಮನ ಜೊತೆ ನಡೆಯುವ ಜಗಳವೇ ಆ ಹಾಡು. ಹೀಬ್ರೂ ಭಾಷೆಯಲ್ಲಿ ಉಸಿರು ಬಿಡದೆ ಅವನನ್ನು ಬೈಯುತ್ತಾಳೆ. ಅದಕ್ಕೆ ತಾಳ ಕಟ್ಟಿದವನು ಆ ತಮ್ಮನೇ. ಬಾಗಿಲು ಬಡಿದು, ಬಕೆಟ್ ಬಡಿದು, ಎಲ್ಲವನ್ನೂ ಲ್ಯಾಪ್‌ಟಾಪಿನಲ್ಲಿ ಜೋಡಿಸಿದ್ದ. ಅವಳು ಮಿಲಿಟರಿ ಸೇವೆ ಮುಗಿಸಿ ಬರುವಷ್ಟರಲ್ಲಿ ಕೇಳುಗರು ಬೇರೆ ಹಾಡುಗಳ ಹಿಂದೆ ಹೋಗಿದ್ದರು. ಹೊಸದಾಗಿ ಶುರುಮಾಡಲು ಇಲ್ಲಿಗೆ ಬಂದಳು. ಹಗಲು ಕೆಫೆಯಲ್ಲಿ ಕೆಲಸ, ಸಂಜೆ ಹಾಡು. ತಮ್ಮ ಅಲ್ಲಿಂದಲೇ ಹೊಸ ತಾಳಗಳನ್ನು ಕಳಿಸುತ್ತಿದ್ದ. ಪಕ್ಕದ ಮನೆ ಮಕ್ಕಳನ್ನು ನೋಡಿ ಅವಳೂ ನನ್ನ ಹೆಂಡತಿಯನ್ನು ಆಂಟಿ ಅನ್ನತೊಡಗಿದಳು.

ಆಮೇಲೆ ಅಲ್ಲಿ ಯುದ್ಧ ಶುರುವಾಯಿತು. ತಮ್ಮ ಆಗಷ್ಟೇ ಸೈನ್ಯಕ್ಕೆ ಸೇರಿದ್ದ. ಎರಡೂ ಕಡೆಯ ಮಕ್ಕಳು ಸಾಯುತ್ತಿದ್ದಾರೆ, ನಿಲ್ಲಿಸಿ ಎಂದು ಅವಳು ಫೋನಿನಲ್ಲಿ ಎರಡು ಸಾಲು ಬರೆದು ಹಾಕಿದಳು. ಅವಳ ದೇಶದವರು ದ್ರೋಹಿ ಅಂದರು. ಇಲ್ಲಿನ ಕೆಲವರು ಕೊಲೆಗಡುಕಿ ಅಂದರು. ಬಾರಿನವರು ಕಾರಣ ಹೇಳದೆ ಕರೆಯುವುದನ್ನು ಬಿಟ್ಟರು.

ಒಂದು ಬೆಳಗ್ಗೆ ಹಿಂಬದಿ ಕೋಣೆಯಿಂದ ಏನೋ ಬಿದ್ದ ಸದ್ದು ಕೇಳಿತು. ಹೋಗಿ ನೋಡಿದರೆ ಅವಳು ನೆಲದ ಮೇಲೆ ಕೂತಿದ್ದಳು, ಫೋನು ದೂರದಲ್ಲಿ ಬಿದ್ದಿತ್ತು. ತಮ್ಮ ಯುದ್ಧದಲ್ಲಿ ತೀರಿಹೋಗಿದ್ದ. ವಿಮಾನಗಳು ರದ್ದಾಗಿದ್ದವು, ಮಣ್ಣಿಗೆ ಅವಳು ತಲುಪುವಂತಿರಲಿಲ್ಲ. ಅಂಗಿಯ ಕೊರಳನ್ನು ತಾನೇ ಹರಿದುಕೊಂಡು, ಕನ್ನಡಿ ಮುಚ್ಚಬೇಕು ಅಂದಳು. ಹೆಂಡತಿ ತನ್ನ ಹಳೆಯ ಸೀರೆ ತಂದು ಮುಚ್ಚಿದಳು.

"ಇನ್ನೇನ್ ಮಾಡ್ತಾರೆ ನಿಮ್ಮಲ್ಲಿ?" ಎಂದು ಕೇಳಿದಳು.

ಒಂದು ವಾರ ನೆಲದ ಹತ್ತಿರವೇ ಕೂರಬೇಕು, ಅಡುಗೆ ಮಾಡಬಾರದು, ಅಕ್ಕಪಕ್ಕದವರು ಊಟ ತರುತ್ತಾರೆ, ಮೊದಲು ಬೇಯಿಸಿದ ಮೊಟ್ಟೆ ತಿನ್ನಿಸುತ್ತಾರೆ ಎಂದು ಅವಳು ಇಂಗ್ಲಿಷಿನಲ್ಲಿ ಹೇಳಿದಳು.

ಹೆಂಡತಿ ನನ್ನ ಕಡೆ ತಿರುಗಿ, "ನಮ್ಮಲ್ಲೂ ಸಾವಿನ ಮನೇಲಿ ಒಲೆ ಹಚ್ಚಲ್ವಲ್ಲ. ಹೋಗಿ ಮೊಟ್ಟೆ ತಗೊಂಡ್ ಬನ್ನಿ" ಅಂದಳು.

ನಮ್ಮ ಅಡುಗೆಮನೆಗೆ ಮೊಟ್ಟೆ ಎಂದೂ ಬಂದಿರಲಿಲ್ಲ. ಎಷ್ಟು ಹೊತ್ತು ಬೇಯಿಸಬೇಕೆಂದೂ ಅವಳಿಗೆ ಗೊತ್ತಿರಲಿಲ್ಲ. ಮುಖ ಸ್ವಲ್ಪ ಆಚೆ ತಿರುಗಿಸಿಕೊಂಡು ಬೇಯಿಸಿದಳು, ಸಿಪ್ಪೆಯನ್ನೂ ತಾನೇ ಬಿಡಿಸಿದಳು. ಹುಡುಗಿ ಅರ್ಧ ತಿಂದು ಅವಳ ತೊಡೆಯ ಮೇಲೆ ತಲೆಯಿಟ್ಟಳು.

ಇದಕ್ಕೆಲ್ಲ ಮೊದಲೇ ಅವಳು ಒಪ್ಪಿಕೊಂಡ ಕಾರ್ಯಕ್ರಮ ಒಂದೇ ಉಳಿದಿತ್ತು, ಸಿಡ್ನಿಯಲ್ಲಿ. ಬೇರೆ ಬೇರೆ ದೇಶದ ಹೊಸ ಗಾಯಕರನ್ನು ಸೇರಿಸಿ ಅದನ್ನು ನಡೆಸುತ್ತಿದ್ದವರು ದಾವಣಗೆರೆ ಕಡೆಯವರು, ಓದಲು ಬಂದು ಅಲ್ಲಿನ ಬ್ಲ್ಯಾಕ್‌ಟೌನ್‌ನಲ್ಲೇ ನೆಲೆಸಿದವರು. ಆ ವಾರ ಕಳೆದರೂ ತಿಂಗಳು ತುಂಬುವವರೆಗೆ ಅವಳಿಗೆ ಶೋಕವಿತ್ತು, ಹಾಡುವಂತಿರಲಿಲ್ಲ. ಅದು ಮುಗಿದ ಮೇಲೆ ಅವರ ಫೋನು ಬಂತು.

"ಸರ್, ತಪ್ಪು ತಿಳ್ಕೋಬೇಡಿ. ಪೋಸ್ಟರ್‌ನಿಂದ ದೇಶದ ಹೆಸರು ತೆಗ್ಸಿಬಿಟ್ಟಿದೀನಿ. ಹಾಲ್‌ನೋರು ಹೆದರ್ತಿದಾರೆ. ಇಂಗ್ಲಿಷ್‌ನಲ್ಲೇ ಹಾಡ್ಲಿ ಅಂತ ಹೇಳಿ, ಪ್ಲೀಸ್."

ಹೇಳಿದೆ. "ತಮ್ಮನ ಜೊತೆ ನಾನು ಇಂಗ್ಲಿಷ್‌ನಲ್ಲಿ ಯಾವತ್ತೂ ಜಗಳ ಆಡಿಲ್ಲ" ಅಂದಳು. ಆದರೂ ಹೋಗೋಣ ಅಂದಳು.

ಸಿಡ್ನಿಯ ಹಾಲಿನ ಹೊರಗೆ ಕೆಲವರು ನಿಂತು ಕೂಗುತ್ತಿದ್ದರು. ಒಳಗೆ ಮುಂದಿನ ಸಾಲಿನಲ್ಲಿ ಕೆಲವರು ಅವಳ ದೇಶದ ಬಾವುಟ ಹೊದ್ದು ಕೂತಿದ್ದರು. ಬಾವುಟ ಕೆಳಗಿಡಿ ಎಂದು ಅವಳು ಕೈಮುಗಿದಳು. ಅವರಲ್ಲಿ ಇಬ್ಬರು ಎದ್ದು ಹೋದರು. ಅವಳು ನನ್ನ ಕಡೆ ನೋಡಿದಳು. ಸೌಂಡ್ ನೋಡಿಕೊಳ್ಳುತ್ತಿದ್ದ ನಾನು ಬಾತ್‌ರೂಮ್ ಜಗಳದ ಹಾಡಿನ ತಾಳ ಹಾಕಿದೆ.

ತಾಳ ಶುರುವಾಗುವ ಮುಂಚೆ ಹುಡುಗನೊಬ್ಬ ಹೀಬ್ರೂನಲ್ಲಿ ಒಂದು, ಎರಡು, ಮೂರು ಎಂದು ಎಣಿಸಿ ನಗುತ್ತಾನೆ. ಅದು ಮೊದಲಿಂದಲೂ ಅದರಲ್ಲಿತ್ತು. ಅವಳ ಬಾಯಿ ತೆರೆಯಿತು, ದನಿ ಬರಲಿಲ್ಲ. ಮತ್ತೆ ಹಾಕು ಎಂದು ಸನ್ನೆ ಮಾಡಿದಳು. ಮತ್ತೆ ಆ ದನಿ, ಆ ನಗು. ನಾನು ಆ ಭಾಗ ಬಿಟ್ಟು ಮುಂದಿನಿಂದ ಹಾಕಿದೆ. ಅವಳು ಮೈಕಿನಲ್ಲೇ, "ಅವನನ್ನು ತೆಗೀಬೇಡ" ಅಂದಳು. ಇನ್ನೊಮ್ಮೆ ಪೂರ್ತಿ ಹಾಕಿದೆ. ಅವಳು ಕಣ್ಣು ಮುಚ್ಚಿ ನಿಂತು ಕೊನೆಯವರೆಗೂ ಕೇಳಿದಳು. ಮೈಕನ್ನು ಮೆಲ್ಲಗೆ ಕೆಳಗಿಟ್ಟು ಒಳಗೆ ಹೋದಳು.

ವಿಮಾನ ಸಿಕ್ಕ ಕೂಡಲೇ ಊರಿಗೆ ಹೋದಳು. ಮತ್ತೆ ಹಾಡಲಿಲ್ಲ. ಈಗ ಔಷಧಿ ಅಂಗಡಿಯೊಂದರಲ್ಲಿ ಕೆಲಸ ಮಾಡುತ್ತಾಳೆ. ಹೆಂಡತಿಗೆ ಆಗಾಗ ಫೋನು ಮಾಡುತ್ತಾಳೆ. ಸತ್ತ ಸೈನಿಕರನ್ನು ನೆನೆಯುವ ದಿನ ಅಲ್ಲಿನ ರೇಡಿಯೋದಲ್ಲಿ ತಮ್ಮನ ನೆನಪಿಗೆ ಆ ಹಾಡು ಹಾಕುತ್ತಾರಂತೆ, ಬೈಗುಳವನ್ನೆಲ್ಲ ಕತ್ತರಿಸಿ, ಪಿಟೀಲು ಸೇರಿಸಿ, ನಿಧಾನ ಮಾಡಿ. ಹಾಕಬೇಡಿ ಎಂದು ಅವಳು ಕೇಳಿಕೊಂಡಳಂತೆ. ಜನ ಇಷ್ಟಪಡುತ್ತಾರೆ ಎಂಬ ಉತ್ತರ ಬಂತಂತೆ.

"ಅವನು ಬಾತ್‌ರೂಮಿನಿಂದ ಹೊರಗೆ ಬರ್ತಾನೇ ಇರ್ಲಿಲ್ಲ ಆಂಟಿ. ಹಾಡಿನಲ್ಲಿ ಇದ್ದದ್ದು ಅಷ್ಟೇ."